ಐಡಾ ಎಣಿಸಿದ ಮತಗಳು: ಕಂತು ೭

“ಇದು ರಕ್ತ ಅಲ್ಲ ತಾನೇ?”

ಮಾರ್ಜೊರಿ ಡಿವ್ರೀಸ್ ಹೀಗೆ ಕೇಳಿದ್ದು ಮೂರನೆಯ ಸಲ. ನಾನು ಭೂತಗನ್ನಡಿಯನ್ನು ಪೆಟ್ಟಿಗೆಯೊಳಕ್ಕೆ ಇನ್ನಷ್ಟು ಇಳಿಸಿದೆ. ರಟ್ಟಿನ ಪೆಟ್ಟಿಗೆಯ ತಳಕ್ಕೆ ಹಾಸಿದ್ದ ತೆಳು ಬಿಳಿ ಕಾಗದದ ಮೇಲೆ ಮೂರು ಬೆರಳಿನ ಗುರುತು. ಇಟ್ಟಿಗೆ ಕೆಂಪು.

“ರಕ್ತ ಒಣಗಿದರೆ ಕಂದು ಬಣ್ಣಕ್ಕೆ ತಿರುಗುತ್ತದೆ ಮಿಸೆಸ್ ಡಿವ್ರೀಸ್. ಇದು ಇನ್ನೂ ಕೆಂಪಾಗಿಯೇ ಇದೆ.”

“ಹಾಗಾದರೆ ಲಿಪ್‌ಸ್ಟಿಕ್.”

ಸಂಗ್ರಹಾಲಯ ನಡೆಸುವವರಿಗೆ ಯಾವುದಕ್ಕಾದರೂ ಬೇಗ ಹೆಸರಿಟ್ಟು ಚೀಟಿ ಅಂಟಿಸಬೇಕೆಂಬ ಆತುರ. ನನಗೆ ಆ ಆತುರವಿಲ್ಲ. ಇಪ್ಪತ್ತೆರಡು ವರ್ಷ ವಿಮಾ ಕಂಪನಿಯೊಂದರಲ್ಲಿ ಕೂತು ಸುಳ್ಳು ಕ್ಲೇಮುಗಳನ್ನು ಓದಿದವಳು ನಾನು, ವಸುಧಾ. ಅಲ್ಲಿಂದ ಬಿಟ್ಟ ಮೇಲೆ ಲೈಸೆನ್ಸ್ ತೆಗೆದುಕೊಂಡು ಮಿಷಿಗನ್ನಿನ ಫಾರ್ಮಿಂಗ್ಟನ್ ಹಿಲ್ಸ್‌ನ ನನ್ನ ಮನೆಯ ಬೇಸ್‌ಮೆಂಟಿನಲ್ಲೇ ಪತ್ತೇದಾರಿ ಕಚೇರಿ ಇಟ್ಟುಕೊಂಡಿದ್ದೇನೆ. ಕನ್ನಡ ಕೂಟದಲ್ಲಿ ಇದನ್ನು ಯಾರೂ ಗಂಭೀರವಾಗಿ ತೆಗೆದುಕೊಂಡಿಲ್ಲ. ಹುಡುಗನ ಕಡೆಯವರ ಪೂರ್ವಾಪರ ವಿಚಾರಿಸಿ ಕೊಡಿ ಎಂದು ಕೇಳಲು ಮಾತ್ರ ನೆನಪಿಸಿಕೊಳ್ಳುತ್ತಾರೆ.

ಈ ಸಲ ಹಾಗಲ್ಲ. ವಿಕ್ಸಮ್‌ನ ಕಾರ್ಖಾನೆಗಳ ಸಾಲು ದಾಟಿ ಆರು ಮೈಲಿ ಹೋದರೆ ಸಿಗುವ ಹ್ಯಾರೋ ಕ್ರಾಸಿಂಗ್ ಎಂಬ ಪುಟ್ಟ ಊರಿನ ಮಹಿಳಾ ಮತದಾನ ಸಂಗ್ರಹಾಲಯದಿಂದ ಐಡಾ ಮೆರಿಲ್ ಎಂಬ ಶಿಕ್ಷಕಿಯ, ನೂರು ವರ್ಷ ದಾಟಿದ ನೋಟ್‌ಬುಕ್ ಒಂದು ಕಾಣೆಯಾಗಿತ್ತು. ಶುಕ್ರವಾರ ಮಧ್ಯಾಹ್ನ ಮೂರೂವರೆಗೆ ಅದನ್ನು ಪೆಟ್ಟಿಗೆಯೊಳಗೆ ವಾಪಸ್ ಇಟ್ಟೆ ಎಂದು ರಿಜಿಸ್ಟರಿನಲ್ಲಿ, ಅದನ್ನು ಓದಿ ಟೈಪ್ ಮಾಡುತ್ತಿದ್ದ ಲತಾಶ್ರೀಯ ಸಹಿಯಿದೆ. ಶನಿವಾರ ಬೆಳಿಗ್ಗೆ ಹತ್ತಕ್ಕೆ ಮಾರ್ಜೊರಿ ತೆರೆದಾಗ ಪೆಟ್ಟಿಗೆ ಖಾಲಿ. ನನ್ನನ್ನು ನೇಮಿಸಿಕೊಂಡವಳೂ ಲತಾಶ್ರೀಯೇ.

“ಈ ತಳದ ಕಾಗದ ಎಂಥದ್ದು?” ಎಂದು ಕೇಳಿದೆ.

“ಹಳೆಯ ದಾಖಲೆಗಳಿಗೆಂದೇ ಮಾಡಿದ್ದು. ಕಾಲ ಕಳೆದಂತೆ ಹಾಳೆಗಳಿಗೆ ಹುಳಿ ಹಿಡಿಯುತ್ತದಲ್ಲ, ಅದಾಗದಿರಲೆಂದು ಇದರಲ್ಲಿ ಸುಣ್ಣದ ಪುಡಿ ಬೆರೆಸಿರುತ್ತಾರೆ.”

ಸುಣ್ಣ.

ಅರಿಶಿನಕ್ಕೆ ಸುಣ್ಣ ತಾಗಿದರೆ ಕೆಂಪಾಗುತ್ತದೆಂದು ತಿಳಿಯಲು ನಮ್ಮ ಹೆಂಗಸರು ರಸಾಯನಶಾಸ್ತ್ರ ಓದಬೇಕಾಗಿಲ್ಲ. ಹಸೆಮಣೆಯ ಮುಂದೆ ಎತ್ತುವ ಆರತಿ ತಟ್ಟೆಯನ್ನು ನೋಡಿದ್ದರೆ ಸಾಕು. ಈಗ ನವರಾತ್ರಿ. ಬಂದವರಿಗೆಲ್ಲ ಅರಿಶಿನ ಕುಂಕುಮ ಕೊಟ್ಟು ಕೊಟ್ಟು ಎಷ್ಟು ತೊಳೆದರೂ ಉಗುರಿನ ಸಂದಿಯಲ್ಲಿ ಹಳದಿ ಉಳಿದೇ ಉಳಿಯುತ್ತದೆ.

ಗುರುತು ಇದ್ದದ್ದು ತಳದ ನಟ್ಟನಡುವೆ, ನೋಟ್‌ಬುಕ್ ಕೂರುವ ಜಾಗದ ಕೆಳಗೆ. ಪುಸ್ತಕ ಒಳಗಿದ್ದರೆ ಅಲ್ಲಿಗೆ ಬೆರಳು ತಾಗಲು ಸಾಧ್ಯವೇ ಇಲ್ಲ. ಖಾಲಿ ಪೆಟ್ಟಿಗೆಯೊಳಕ್ಕೆ ಅರಿಶಿನದ ಕೈ ಹಾಕಿದವರು ಯಾರೋ ಇದ್ದಾರೆ. ಈ ಊರಿನಲ್ಲಿ ಅಂಥ ಕೈ ಎಷ್ಟಿರಬಹುದು?

ನಾನು ಭೂತಗನ್ನಡಿಯನ್ನು ಚೀಲಕ್ಕೆ ಹಾಕಿದೆ. ಮಾರ್ಜೊರಿಗೆ ಏನೂ ಹೇಳಲಿಲ್ಲ.

“ನಾಲ್ಕು ಗಂಟೆ,” ಎಂದರು ಆಕೆ ಬಾಗಿಲಲ್ಲಿ ನಿಂತು. “ನಾಲ್ಕಕ್ಕೆ ನೋಟ್‌ಬುಕ್ ಈ ಮೇಜಿನ ಮೇಲಿಲ್ಲದಿದ್ದರೆ ಪೊಲೀಸರಿಗೆ ಫೋನ್ ಮಾಡುತ್ತೇನೆ. ಲತಾ ಬಗ್ಗೆ ನನಗೆ ಪ್ರೀತಿಯಿದೆ. ಆದರೆ ನನ್ನ ಮೇಲೂ ಒಂದು ಆಡಳಿತ ಮಂಡಳಿಯಿದೆ.”

* * *

ಕಾರಿನಲ್ಲಿ ಕೂತವಳೇ ಸ್ಟಿಯರಿಂಗಿಗೆ ಎರಡು ಬಾರಿಸಿದೆ. ಕಕ್ಷಿದಾರರು ಸುಳ್ಳು ಹೇಳುವುದು ನನಗೆ ಹೊಸದಲ್ಲ. ಆದರೆ ಈ ಹುಡುಗಿಯ ಸುಳ್ಳು ನನಗೆ ತಿಳಿಯಲಿಲ್ಲವಲ್ಲ ಎಂದು ಮೈ ಉರಿಯಿತು. ಹುಡುಗಿ ಎಂದರೂ ಅವಳಿಗೆ ನಲವತ್ತು. ನನ್ನ ಅರವತ್ತೊಂದಕ್ಕೆ ಹೋಲಿಸಿದರೆ ಹುಡುಗಿಯೇ.

ಇವತ್ತು ಸೋಮವಾರ. ಬುಧವಾರ ಡೆಟ್ರಾಯ್ಟ್‌ನಲ್ಲಿ ಲತಾಶ್ರೀಯ ಪೌರತ್ವದ ಪ್ರಮಾಣವಚನ. ಗ್ರೀನ್ ಕಾರ್ಡಿಗೆ ಕಾದದ್ದು ಹನ್ನೆರಡು ವರ್ಷ, ಅದರ ಮೇಲೆ ಐದು. ಪ್ರಮಾಣಕ್ಕೆ ಕರೆಯುವ ನೋಟಿಸಿನ ಹಿಂಬದಿಯಲ್ಲಿ ಕೆಲವು ಪ್ರಶ್ನೆಗಳಿರುತ್ತವೆ. ಸಂದರ್ಶನವಾದ ಮೇಲೆ ನಿಮ್ಮ ಮೇಲೆ ಆರೋಪ ಬಂದಿದೆಯೇ, ಬಂಧನವಾಗಿದೆಯೇ, ಗೊತ್ತಿದ್ದೂ ಯಾವುದಾದರೂ ಅಪರಾಧ ಮಾಡಿದ್ದೀರಾ ಎಂದು. ಅವತ್ತೇ ಉತ್ತರ ಬರೆದು ಸಹಿ ಮಾಡಿ ಒಳಗೆ ಹೋಗಬೇಕು. ಒಂದು ‘ಹೌದು’ ಬಿದ್ದರೆ ಪ್ರಮಾಣ ನಿಲ್ಲುತ್ತದೆ. ಮುಂದಿನದು ದೇವರಿಗೇ ಗೊತ್ತು.

ನನಗೆ ಪೌರತ್ವ ಸಿಕ್ಕಿ ಇಪ್ಪತ್ತು ವರ್ಷವಾಯಿತು. ಸ್ಕೂಲ್ ಬೋರ್ಡ್ ಚುನಾವಣೆಗೆ ಒಮ್ಮೆಯೂ ಹೋದವಳಲ್ಲ. ಲತಾಶ್ರೀ ಮಾತ್ರ ನವೆಂಬರಿನ ಮತಪತ್ರದ ಮಾದರಿಯನ್ನು ಈಗಲೇ ಫ್ರಿಜ್ಜಿಗೆ ಅಂಟಿಸಿಟ್ಟಿದ್ದಾಳೆ. ಅದನ್ನು ನೋಡಿದ ದಿನ ನನಗೆ ನಿಜಕ್ಕೂ ನಾಚಿಕೆಯಾಗಿತ್ತು.

ಅವಳ ಮನೆಯ ಬಾಗಿಲು ತೆಗೆದದ್ದು ಅತ್ತೆ ಪದ್ಮಮ್ಮ. ಎಪ್ಪತ್ತೆರಡರ ಮೈಸೂರು ಹೆಂಗಸು, ಮಡಿಸೀರೆಯ ಮೇಲೆ ಮಗನ ಯೂನಿವರ್ಸಿಟಿಯ ಸ್ವೆಟ್‌ಶರ್ಟ್.

“ಬನ್ನಿ ವಸುಧಾ. ಗೊಂಬೆ ನೋಡಕ್ಕೆ ಇವತ್ತಾದ್ರೂ ಪುರುಸೊತ್ತು ಆಯ್ತಲ್ಲ.”

ಫ್ಯಾಮಿಲಿ ರೂಮಿನ ತುಂಬ ಒಂಬತ್ತು ಮೆಟ್ಟಿಲಿನ ಗೊಂಬೆ. ಮೇಲೆ ಪಟ್ಟದ ಗೊಂಬೆಗಳು, ದಶಾವತಾರ, ಸೆಟ್ಟಿ ಅಂಗಡಿ. ಕೆಳಗಿನ ಎರಡು ಮೆಟ್ಟಿಲಿನಲ್ಲಿ ಚನ್ನಪಟ್ಟಣದ ಮರದ ಗೊಂಬೆಗಳಿಗೆ ಬಿಳಿ ಕಾಗದದ ಲಂಗ ತೊಡಿಸಿ, ಹಳದಿ ರಿಬ್ಬನ್ ಕಟ್ಟಿ, ಕೈಗೊಂದು ಬಾವುಟ ಕೊಟ್ಟು ಸಾಲಾಗಿ ನಿಲ್ಲಿಸಿದ್ದರು. ಮಿಷಿಗನ್ನಿನ ಮಹಿಳೆಯರ ಮತದಾನದ ಮೆರವಣಿಗೆ. ಮುಂದೆ ನಡೆಯುವ ಗೊಂಬೆಯ ಕೆಳಗೆ ಲತಾಶ್ರೀಯ ಅಕ್ಷರದಲ್ಲಿ ಒಂದು ಚೀಟಿ: ಐಡಾ ಮೆರಿಲ್, ಶಾಲಾ ಶಿಕ್ಷಕಿ.

ಮೆಟ್ಟಿಲುಗಳ ಪಕ್ಕದಲ್ಲಿ ಮಣೆ. ಅದರ ಮೇಲೆ ಕಲಶ, ಕೆಂಪು ವಸ್ತ್ರ ಹೊದಿಸಿದ ಪುಸ್ತಕಗಳ ಕಟ್ಟು.

ನಾನು ಅದನ್ನು ನೋಡಿದೆ. ಅಡುಗೆಮನೆಯಿಂದ ಬಂದ ಲತಾಶ್ರೀ ನಾನು ನೋಡುತ್ತಿರುವುದನ್ನು ನೋಡಿದಳು. ಅವಳ ಮುಖ ಬಿಳಿಚಿಕೊಂಡಿತು.

“ಲತಾ, ಕೈ ತೋರಿಸು.”

“ಯಾಕೆ ಆಂಟಿ?”

“ತೋರಿಸು ಅಂದೆ.”

ತೋರಿಸಿದಳು. ಉಗುರುಗಳ ಅಂಚಿನಲ್ಲಿ ಹಳದಿ.

“ಪೆಟ್ಟಿಗೆ ತಳದಲ್ಲಿ ಸುಣ್ಣ ಬೆರೆಸಿದ ಕಾಗದ ಇದೆ. ಅದರ ಮೇಲೆ ನಿನ್ನ ಮೂರು ಬೆರಳು ಕೆಂಪಗೆ ಕೂತಿದೆ. ವಾಪಸ್ ಇಟ್ಟೆ ಅಂತ ಸಹಿ ಮಾಡ್ದಾಗ ಪೆಟ್ಟಿಗೆ ಖಾಲಿ ಇತ್ತು. ಹೌದೋ ಅಲ್ವೋ?”

ಅವಳು ಅಳಲಿಲ್ಲ. ಸೋಫಾದ ತುದಿಗೆ ಕೂತು, ಕೈಗಳನ್ನು ಸೆರಗಿನೊಳಗೆ ಮುಚ್ಚಿಕೊಂಡಳು.

“ಹೌದು.”

“ನನ್ನನ್ನ ಯಾಕೆ ಕರೆದೆ ಹಾಗಾದ್ರೆ? ಕೋಡಂಗಿ ಥರ ಬೀಗ, ಕಿಟಕಿ ಎಲ್ಲಾ ತಡಕಾಡ್ಲಿ ಅಂತಾನಾ?”

“ಮಂಗಳವಾರದವರ್ಗೂ ಟೈಮ್ ಸಿಕ್ಕಿದ್ರೆ ಸಾಕಿತ್ತು ಆಂಟಿ. ಮಂಗಳವಾರ ವಿಜಯದಶಮಿ. ಪುಸ್ತಕ ಎತ್ತಿದ್ಮೇಲೆ ನಾನೇ ತಗೊಂಡೋಗಿ ಇಟ್ಟುಬಿಡ್ತಿದ್ದೆ. ನೀವು ಹುಡುಕ್ತಾ ಇದೀರ ಅಂದ್ರೆ ಮಾರ್ಜೊರಿ ಕಾಯ್ತಾರೆ ಅಂದ್ಕೊಂಡೆ.”

ಸಿಟ್ಟು ನೆತ್ತಿಗೇರಿತು. ಆದರೆ ಬೈಯಲು ಬಾಯಿ ತೆರೆದವಳು ಹಾಗೇ ನಿಂತೆ. ಜಗತ್ತಿನ ಬೇರೆ ಯಾವ ಕಳ್ಳತನದಲ್ಲಿ ಕದ್ದ ಮಾಲು ಸರಸ್ವತಿಯ ಮುಂದೆ ಪೂಜೆಗೆ ಕೂತಿರುತ್ತದೆ?

“ಯಾಕಮ್ಮಾ ತಂದೆ?” ಎಂದೆ.

“ಶುಕ್ರವಾರ ಸಂಜೆ ನಮ್ಮಲ್ಲಿ ಪೂಜೆಗೆ ಪುಸ್ತಕ ಇಡೋದು. ಬೆಳಿಗ್ಗೆಯಿಂದ ಅವಳದ್ದೇ ಯೋಚ್ನೆ.” ಅವಳು ಮೆರವಣಿಗೆಯ ಮುಂದಿದ್ದ ಗೊಂಬೆಯ ಕಡೆ ನೋಡಿದಳು. “ಮೇಷ್ಟ್ರಮ್ಮ ಆಂಟಿ ಅವ್ಳು. ಆರು ವರ್ಷ ಮನೆಮನೆ ಬಾಗಿಲು ತಟ್ಟಿದಾಳೆ. ಕೊನೆಗೆ ಸಾವಿರದ ಒಂಬೈನೂರ ಹದಿನೆಂಟರಲ್ಲಿ ಇಲ್ಲಿ ಎಲ್ಲ ಹೆಂಗಸ್ರಿಗೂ ವೋಟ್ ಬಂತು, ಅವ್ಳಿಗೆ ಬರ್ಲಿಲ್ಲ. ಕೆನಡಾದವನನ್ನ ಮದ್ವೆ ಆಗಿದ್ಲು. ಗಂಡ ಯಾವ ದೇಶದವನೋ ಹೆಂಡ್ತೀನೂ ಆ ದೇಶದವಳು ಅಂತ ಆಗಿನ ಕಾನೂನು. ಹುಟ್ಟಿದೂರಲ್ಲೇ ಪರದೇಶಿ ಆದ್ಲು. ಅವಳ ಪುಸ್ತಕ ಒಂದ್ಸಲ ದೇವ್ರ ಮುಂದೆ ಇರ್ಲಿ ಅನ್ನಿಸ್ತು. ಶನಿವಾರ ಬೆಳಿಗ್ಗೆ ಎಂಟಕ್ಕೇ ವಾಪಸ್ ಇಡೋಣ ಅಂತಾನೇ ತಂದೆ.”

“ಮತ್ತೆ?”

“ಇಟ್ಟ ಪುಸ್ತಕ ದಶಮಿವರ್ಗೂ ಎತ್ತೋ ಹಾಗಿಲ್ಲ ಅಂದ್ರು ಅತ್ತೆ. ಅದು ನೆನಪಿತ್ತು, ಆದ್ರೆ ಒಂದು ಪುಸ್ತಕಕ್ಕೆ ಪರ್ವಾಗಿಲ್ಲ ಅಂತಾರೆ ಅಂದ್ಕೊಂಡಿದ್ದೆ. ಅದು ಯಾರ ಪುಸ್ತಕ ಅಂತ ಹೇಳಕ್ಕೆ ಧೈರ್ಯ ಬರ್ಲಿಲ್ಲ.”

ಪದ್ಮಮ್ಮ ಇಷ್ಟು ಹೊತ್ತೂ ಬಾಗಿಲಿಗೆ ಒರಗಿ ಕೇಳಿಸಿಕೊಳ್ಳುತ್ತಿದ್ದರು.

“ಕದ್ದು ತಂದಿದ್ದನ್ನ ಸರಸ್ವತಿ ಮುಂದೆ ಇಟ್ಯಾ?” ಎಂದರು ನಿಧಾನವಾಗಿ.

“ಅತ್ತೆ, ನಾನು…”

“ಎಷ್ಟೊತ್ತಿಗೆ ಕೊಡ್ಬೇಕಂತೆ ಅದನ್ನ?”

“ನಾಲ್ಕಕ್ಕೆ,” ಎಂದೆ. “ಇಲ್ದಿದ್ರೆ ಪೊಲೀಸ್ ಕಂಪ್ಲೇಂಟ್. ಬುಧವಾರದ್ದು ಆಮೇಲೆ ಮರ್ತುಬಿಡಿ ಪದ್ಮಮ್ಮನವರೇ.”

ಮುದುಕಿ ಗಡಿಯಾರ ನೋಡಿದರು. ಒಂದೂ ಮುಕ್ಕಾಲು. ಸ್ವೆಟ್‌ಶರ್ಟ್ ತೆಗೆದು ಕುರ್ಚಿಯ ಮೇಲೆ ಹಾಕಿದರು, ಕೈಕಾಲು ತೊಳೆದುಕೊಂಡು ಬಂದು ಮಣೆಯ ಮುಂದೆ ಕೂತರು.

“ನಂಗೆ ಇಪ್ಪತ್ತೊಂದು ತುಂಬ್ದಾಗ ವೋಟ್ ತಾನಾಗೇ ಬಂತು. ಯಾರನ್ನೂ ಕೇಳ್ಳಿಲ್ಲ, ಯಾರ ಬಾಗ್ಲೂ ತಟ್ಲಿಲ್ಲ. ಇಂಥೋರ್ಗೇ ಹಾಕು ಅಂತ ನಮ್ಮ ಮಾವನೋರು ಹೇಳಿ ಕಳ್ಸೋರು. ಹ್ಞೂಂ ಅಂದು ಹೋಗಿ ನಂಗೆ ಬೇಕಾದೋರ್ಗೆ ಮುದ್ರೆ ಒತ್ತಿ ಬರ್ತಿದ್ದೆ.” ಕಲಶಕ್ಕೆ ಎರಡು ಅಕ್ಷತೆ ಹಾಕಿದರು. “ಒಂದಿನ ಮುಂಚೆ ಎಬ್ಬಿಸ್ತಿದೀನಿ ತಾಯಿ. ದೋಷ ಬಂದ್ರೆ ನಂಗೆ ಬರ್ಲಿ, ಸೊಸೆಗೆ ಬೇಡ.”

ಕಲಶವನ್ನು ಉತ್ತರಕ್ಕೆ ಒಂದಿಷ್ಟು ಸರಿಸಿ, ಕೆಂಪು ವಸ್ತ್ರ ತೆಗೆದರು. ನನ್ನ ಕಣ್ಣು ಮಂಜಾಯಿತು. ಇದನ್ನು ಒಪ್ಪಿಕೊಳ್ಳಲು ನನಗೆ ಸಂಕೋಚವಿಲ್ಲ.

ಕಂಪ್ಯೂಟರ್ ಪುಸ್ತಕಗಳ, ಒಂದು ಭಗವದ್ಗೀತೆಯ, ಯಾವುದೋ ಮಗುವಿನ ಗಣಿತದ ವರ್ಕ್‌ಬುಕ್ಕಿನ ನಡುವೆ ಅದಿತ್ತು. ಕಪ್ಪು ಬಟ್ಟೆಯ ಹೊದಿಕೆ, ಸವೆದ ಮೂಲೆ. ಹೊದಿಕೆಯ ನಡುವೆ ಪದ್ಮಮ್ಮ ಹಚ್ಚಿದ ಅರಿಶಿನದ ಬೊಟ್ಟು, ಅದರ ಮೇಲೆ ಕುಂಕುಮ. ನೂರು ವರ್ಷದ ಬಟ್ಟೆಗೆ! ಮಾರ್ಜೊರಿ ಇದನ್ನು ನೋಡಿದರೆ ಮೂರ್ಛೆ ಹೋಗುತ್ತಾರೆ. ಆದರೂ ನನಗೆ ನಿರಾಳವಾಯಿತು. ಬೊಟ್ಟಿಗೆ ಕ್ಷಮೆ ಕೇಳಬಹುದು.

ಲತಾಶ್ರೀ ಎರಡೂ ಕೈಯಲ್ಲಿ ಅದನ್ನು ಎತ್ತಿಕೊಂಡು ಪುಟ ತಿರುವಿದಳು. ಅರ್ಧ ದಾಟಿದ ಮೇಲೆ ಅವಳ ಕೈ ನಿಂತಿತು. ಹಿಂದಕ್ಕೆ ತಿರುವಿದಳು. ಮತ್ತೆ ಮುಂದಕ್ಕೆ.

“ಆಂಟಿ.”

ದನಿ ಕೇಳಿದ ಕೂಡಲೇ ಎದ್ದು ಹೋದೆ. ಹೊಲಿಗೆಯ ಪಕ್ಕದಲ್ಲೇ ಮೂರು ಹಾಳೆಗಳನ್ನು ಬ್ಲೇಡಿನಿಂದ ಕತ್ತರಿಸಿದ್ದರು. ಉಳಿದ ಹಾಳೆಗಳ ಅಂಚು ವಯಸ್ಸಾಗಿ ಚಹಾದ ಬಣ್ಣಕ್ಕೆ ತಿರುಗಿತ್ತು. ಕತ್ತರಿಸಿದ ಅಂಚು ಬೆಳ್ಳಗಿತ್ತು. ಒಂದು ವಾರದ ಹಿಂದಿನ ಕೆಲಸವೂ ಅಲ್ಲ ಅದು.

“ಏನಿತ್ತು ಇಲ್ಲಿ?”

“ಎಣಿಕೆ.” ಅವಳು ಕತ್ತರಿಸಿದ ಅಂಚಿನ ಮೇಲೆ ಬೆರಳಿಟ್ಟಳು. “ಹನ್ನೆರಡನೇ ಇಸವಿ ನವೆಂಬರ್. ಹೆಂಗಸ್ರಿಗೆ ವೋಟ್ ಕೊಡಬೇಕಾ ಬೇಡ್ವಾ ಅಂತ ಗಂಡಸ್ರು ವೋಟ್ ಹಾಕಿದ್ದು. ಇಡೀ ಮಿಷಿಗನ್‌ನಲ್ಲಿ ಬರೀ ಕೆಲವು ನೂರರಲ್ಲಿ ಸೋತ್ರು. ಎಣಿಕೇಲಿ ಮೋಸ ಆಗಿದೆ ಅಂತ ಆಗ್ಲೇ ದೂರು ಎದ್ದಿತ್ತು. ಇವ್ಳು ಹ್ಯಾರೋ ಕ್ರಾಸಿಂಗ್ ಬೂತಲ್ಲಿ ಮೂಲೇಲಿ ಕೂತು, ಒಂದೊಂದು ಚೀಟಿ ಕೂಗ್ದಾಗ್ಲೂ ಒಂದೊಂದು ಗೀಟು ಹಾಕಿದಾಳೆ. ಹೌದು ಇನ್ನೂರ ಹದಿನಾಲ್ಕು, ಬೇಡ ನೂರ ಅರವತ್ಮೂರು. ಮಾರನೇ ಬೆಳಿಗ್ಗೆ ಊರಿನ ಕ್ಲರ್ಕ್ ಸಾರಿದ್ದು ಉಲ್ಟಾ.”

“ಇದನ್ನ ಯಾರ್ಯಾರು ಓದಿದಾರೆ?”

“ನಾನೊಬ್ಳೇ. ಶುಕ್ರವಾರ ಮಧ್ಯಾಹ್ನ ಆ ಪುಟಕ್ಕೆ ಬಂದೆ. ಓಡೋಗಿ ಮಾರ್ಜೊರಿಗೆ ಹೇಳ್ದೆ. ಅವ್ರು ಖುಷಿ ಪಡ್ಲಿಲ್ಲ. ಮಂಡಳಿಗೆ ಹೇಳೋವರ್ಗೂ ಟೈಪ್ ಮಾಡ್ಬೇಡ ಅಂದ್ರು. ಆ ಕ್ಲರ್ಕ್ ಮರಿಮಗನೇ ಅಂತೆ ಈಗ ಮ್ಯೂಸಿಯಮ್ಮಿಗೆ ಹೊಸ ಕಟ್ಟಡ ಕಟ್ಟಿಸ್ಕೊಡ್ತಿರೋದು.”

“ಫೋಟೋ?”

“ಫೋನ್ ಒಳಗೆ ಬಿಡಲ್ಲ ಆಂಟಿ.”

ಅಂದರೆ ಆ ಎಣಿಕೆಗೆ ಈಗ ಭೂಮಿಯ ಮೇಲೆ ಇರುವ ಸಾಕ್ಷಿ ಇವಳೊಬ್ಬಳೇ.

ನಾನು ಪದ್ಮಮ್ಮನ ಕಡೆ ತಿರುಗಿದೆ. “ಶುಕ್ರವಾರದಿಂದ ಈ ಕಟ್ಟು ಮುಟ್ಟಿದೋರು ಯಾರು?”

“ಗೊಂಬೆ ನೋಡಕ್ಕೆ ನಲ್ವತ್ತು ಜನ ಬಂದಿದಾರೆ. ಆದ್ರೆ ಮಣೆ ಹತ್ರ ಯಾರನ್ನ ಬಿಡ್ಲಿ ನಾನು? ಇಲ್ಲೇ ಕುರ್ಚಿ ಹಾಕ್ಕೊಂಡು ಕೂತಿದ್ದೆ.” ಸ್ವಲ್ಪ ತಡೆದು, ಇಷ್ಟವಿಲ್ಲದ ಮಾತನ್ನು ಹೇಳುವವರಂತೆ ಹೇಳಿದರು. “ನಮ್ಮ ವಿವೇಕಾನೇ ಶನಿವಾರ ರಾತ್ರಿ ನಾನು ಮಲಗಕ್ಕೆ ಹೋಗೋ ಹೊತ್ತಿಗೆ ಈ ಕಟ್ಟಿಂದ ಲ್ಯಾಪ್‌ಟಾಪ್ ತೆಗ್ದ. ಪೂಜೆಗಿಟ್ಟಿದ್ದು ಕಣೋ ಅಂದ್ರೂ ಕೇಳ್ಳಿಲ್ಲ. ಆಫೀಸಿಗೆ ಬೇಕು, ಓಕ್ ಬ್ರೂಕ್‌ಗೆ ಹೋಗ್ಬೇಕು ಅಂತ.”

ಲತಾಶ್ರೀಯ ಗಂಡ ವಿವೇಕ್ ಷಿಕಾಗೋ ಬಳಿಯ ಓಕ್ ಬ್ರೂಕ್‌ನಲ್ಲಿ ಕೆಲಸ ಮಾಡುತ್ತಾನೆ. ಭಾನುವಾರ ಮುನ್ನೂರು ಮೈಲಿ ಡ್ರೈವ್ ಮಾಡಿಕೊಂಡು ಹೋಗಿ ಗುರುವಾರ ಬರುತ್ತಾನೆ.

“ಅವ್ರಿಗೆ ಆ ಪುಸ್ತಕ ಏನು ಅಂತಾನೂ ಗೊತ್ತಿಲ್ಲ ಆಂಟಿ,” ಎಂದಳು ಲತಾಶ್ರೀ. ನಾನು ಕೇಳದೆಯೇ ಹೇಳಿದಳು.

ನಾನು ಆ ಮಾತನ್ನು ಅಲ್ಲಿಗೇ ಬಿಟ್ಟೆ. ಹೊತ್ತಿರಲಿಲ್ಲ. ಪುಸ್ತಕ ಕೊಟ್ಟರೆ ಹಾಳೆ ಕತ್ತರಿಸಿದ ಅಪವಾದವೂ ಇವಳ ತಲೆಗೇ ಬರುತ್ತದೆ. ಕೊಡದಿದ್ದರೆ ಕಳ್ಳತನದ್ದು.

ನನ್ನ ಬಾಯಿಂದ ಬಂದ ಮಾತಿಗೆ ನನಗೇ ಈಗ ಬೇಸರವಿದೆ. “ಲತಾ, ಒಂದೆರಡು ದಿನ ಏನಾದ್ರೂ ನೆಪ ಹೇಳಿ ನಾನು ತಳ್ತೀನಿ. ಬುಧವಾರ ಮುಗಿಸ್ಕೊಂಡು ಬಾ. ಆಮೇಲೆ ನೋಡೋಣ.”

“ಬುಧವಾರ ಆ ಫಾರಮ್ಮಲ್ಲಿ ಏನಂತ ಬರೀಲಿ?”

ನಾನು ಗಡಿಯಾರದ ಕಡೆ ತಿರುಗಿದೆ.

“ರಿಜಿಸ್ಟರಲ್ಲಿ ಒಂದು ಸುಳ್ಳು ಬರ್ದು ಮೂರು ದಿನದಿಂದ ಗಂಟಲಲ್ಲಿ ಅನ್ನ ಇಳೀತಿಲ್ಲ ಆಂಟಿ. ಇನ್ನೊಂದು ಬೇಡ. ನಡೀರಿ.”

* * *

ಮೂರೂ ಮುಕ್ಕಾಲಿಗೆ ನಾವು ಮಾರ್ಜೊರಿಯ ಮೇಜಿನ ಮುಂದಿದ್ದೆವು.

ಲತಾಶ್ರೀ ಒಂದೂ ಮುಚ್ಚಿಡದೆ ಹೇಳಿದಳು. ಮನೆಗೆ ತೆಗೆದುಕೊಂಡು ಹೋದದ್ದು, ಪೂಜೆ, ರಿಜಿಸ್ಟರಿನ ಸುಳ್ಳು. ಬೊಟ್ಟು ಹಚ್ಚಿದ್ದಕ್ಕೆ ಕ್ಷಮೆ ಕೇಳಿದಳು. ಮಾರ್ಜೊರಿ ತಲೆಯಾಡಿಸುತ್ತ ಕೇಳಿದರು. ಬೊಟ್ಟು ನೋಡಿ ಮೂರ್ಛೆ ಹೋಗಲಿಲ್ಲ. ಪುಸ್ತಕ ತೆರೆದು ಹಾಳೆಗಳನ್ನು ಒಂದೊಂದಾಗಿ ಎಣಿಸಿದರು.

ನಾನು ಆಕೆಯ ಮುಖವನ್ನೇ ನೋಡುತ್ತಿದ್ದೆ. ಕತ್ತರಿಸಿದ ಜಾಗ ಬಂತು. ಬೆರಳು ಒಂದು ಕ್ಷಣವೂ ನಿಲ್ಲದೆ ಅದನ್ನು ದಾಟಿಹೋಯಿತು.

“ಎಂಬತ್ತೊಂದು,” ಎಂದರು.

“ಎಂಬತ್ತನಾಲ್ಕಿತ್ತು,” ಎಂದಳು ಲತಾಶ್ರೀ. “ಮೂರು ಹಾಳೆ ಯಾರೋ ಕತ್ತರಿಸಿದ್ದಾರೆ. ನಾನಲ್ಲ. ಆದರೆ ನನ್ನ ಮನೆಯಲ್ಲಿದ್ದಾಗ ಆಗಿದ್ದರೆ ಹೊಣೆ ನನ್ನದೇ.”

ಮಾರ್ಜೊರಿ ಡ್ರಾಯರಿನಿಂದ ಒಂದು ಕಾಗದ ತೆಗೆದು ಅವಳ ಮುಂದೆ ಇಟ್ಟರು. ಆಗಲೇ ಟೈಪ್ ಮಾಡಿ ಸಿದ್ಧವಾಗಿತ್ತು. ನಾವು ಬಂದ ಮೇಲೆ ಆಕೆ ಕಂಪ್ಯೂಟರ್ ಮುಟ್ಟಿರಲಿಲ್ಲ.

ನಾನು ಅವಳ ಹೆಗಲ ಮೇಲಿಂದ ಓದಿದೆ. ‘ಐಡಾ ಮೆರಿಲ್ ನೋಟ್‌ಬುಕ್. ಒಟ್ಟು ಹಾಳೆ ಎಂಬತ್ತೊಂದು. ಸಂಗ್ರಹಾಲಯಕ್ಕೆ ಬಂದಾಗಲೂ ಇಷ್ಟೇ ಇದ್ದವು. ಓದಿ ಪ್ರತಿ ಮಾಡಿದವರ ಸಹಿ.’

“ಬಂದಾಗ ಎಣಿಸಿದವರು ಯಾರು?” ಎಂದೆ.

“ಎಣಿಸುವುದು ಪ್ರತಿ ಮಾಡುವವರ ಕೆಲಸ. ಇವಳದೇ. ಇವಳು ಎಷ್ಟು ಎಂದರೆ ಅಷ್ಟು.” ಮಾರ್ಜೊರಿಯ ದನಿ ತುಂಬ ಮೃದುವಾಗಿತ್ತು. “ಲತಾ, ಶುಕ್ರವಾರದ್ದು ನಾವಿಬ್ಬರೂ ಮರೆತುಬಿಡೋಣ. ಪುಸ್ತಕ ಬೇರೆ ಕಪಾಟಿನಲ್ಲಿತ್ತು, ನಾನು ಸರಿಯಾಗಿ ನೋಡಲಿಲ್ಲ ಎಂದು ಮಂಡಳಿಗೆ ಹೇಳುತ್ತೇನೆ. ಪೊಲೀಸರು ಬೇಡ, ದೂರು ಬೇಡ. ಬುಧವಾರ ನಿನಗೆ ಡೆಟ್ರಾಯ್ಟ್‌ಗೆ ಹೋಗುವುದಿದೆಯಲ್ಲ? ಒಂದು ಸಹಿ ಹಾಕು, ಸಾಕು.”

ಮಾರ್ಜೊರಿ ಒಂದು ಪೆನ್ನನ್ನು ಕಾಗದದ ಮೇಲೆ ಇಟ್ಟರು.

ನನಗೆ ಕೂಗಬೇಕೆನ್ನಿಸಿತು, ಸಹಿ ಹಾಕು ಎಂದೋ ಹಾಕಬೇಡ ಎಂದೋ ತಿಳಿಯಲಿಲ್ಲ. ಹದಿನೇಳು ವರ್ಷ ಕಾದವಳಿಗೆ ಹಾಕಬೇಡ ಎಂದು ಹೇಳಲು ನಾನು ಯಾರು? ಸಿಕ್ಕ ಮತವನ್ನು ಸೋಮಾರಿತನದಿಂದ ಬಿಟ್ಟುಬಿಟ್ಟವಳು.

ಲತಾಶ್ರೀ ಪೆನ್ನು ತೆಗೆದುಕೊಂಡಳು. ಎಂಬತ್ತೊಂದು ಎಂಬುದರ ಮೇಲೆ ಗೆರೆ ಎಳೆದು ಎಂಬತ್ತನಾಲ್ಕು ಎಂದು ಬರೆದಳು. ಅದರ ಕೆಳಗೆ, ಅವಸರ ಮಾಡದೆ, ದುಂಡಗಿನ ಇಂಗ್ಲಿಷ್ ಅಕ್ಷರಗಳಲ್ಲಿ: ‘ಮೂರು ಹಾಳೆ ಕತ್ತರಿಸಲಾಗಿದೆ. ಅದರಲ್ಲಿದ್ದ ಎಣಿಕೆಯನ್ನು ನಾನು ಓದಿದ್ದೇನೆ. ಹೌದು ೨೧೪, ಬೇಡ ೧೬೩. ಅನುಮತಿಯಿಲ್ಲದೆ ಪುಸ್ತಕವನ್ನು ಮನೆಗೆ ತೆಗೆದುಕೊಂಡು ಹೋದವಳು ನಾನು.’ ಸಹಿ, ದಿನಾಂಕ.

ಕಾಗದವನ್ನು ಮಾರ್ಜೊರಿಯ ಕಡೆ ತಿರುಗಿಸಿ ಇಟ್ಟಳು.

ಮಾರ್ಜೊರಿ ಅದನ್ನು ಓದಿದರು. ಮುಖದಲ್ಲಿದ್ದ ಮೃದುತನವೆಲ್ಲ ಹೋಯಿತು. ಫೋನ್ ಎತ್ತಿಕೊಂಡರು. ಲತಾಶ್ರೀ ಕಣ್ಣು ಮುಚ್ಚಿದಳು. ನಾನು ಅವಳ ಭುಜದ ಮೇಲೆ ಕೈ ಇಟ್ಟೆ. ಮಾರ್ಜೊರಿ ಒತ್ತಿದ ಅಂಕಿಗಳು ಪೊಲೀಸರ ಮೂರಂಕಿಯ ನಂಬರಿಗಿಂತ ಜಾಸ್ತಿಯಿದ್ದವು.

“ಅವಳು ಒಪ್ಪುತ್ತಿಲ್ಲ,” ಎಂದರು ಮಾರ್ಜೊರಿ ಫೋನಿನೊಳಕ್ಕೆ. “ನೀವೇ ಮಾತಾಡಿ.” ಸ್ಪೀಕರ್ ಒತ್ತಿ, ಫೋನನ್ನು ಮೇಜಿನ ನಡುವೆ ಇಟ್ಟರು.

ಆ ಕಡೆ ಯಾರೋ ಉಸಿರೆಳೆದುಕೊಂಡದ್ದು ಕೇಳಿಸಿತು. ಆಮೇಲೆ ಕನ್ನಡ.

“ಲತಾ… ನಾನು ಕಣೇ. ಅವ್ರು ಹೇಳಿದ ಹಾಗೆ ಸಹಿ ಹಾಕ್ಬಿಡು. ಪ್ಲೀಸ್.”

ಲತಾಶ್ರೀ ಕಣ್ಣು ತೆರೆದಳು. ಫೋನನ್ನು ನೋಡಿದಳು, ಮಾರ್ಜೊರಿಯನ್ನು ನೋಡಿದಳು, ನನ್ನನ್ನು ನೋಡಲಿಲ್ಲ.

“ವಿವೇಕ್,” ಎಂದಳು. “ಹಾಳೆಗಳು ಎಲ್ಲಿವೆ?”

“ಎಲ್ಲಾ ನಿನಗೋಸ್ಕರಾನೇ ಮಾಡಿದ್ದು ಲತಾ. ಆ ಮೂರು ಹಾಳೆ ಇಲ್ದೆ ಪುಸ್ತಕ ವಾಪಸ್ ಬಂದ್ರೆ ಪೊಲೀಸರಿಗೆ ಹೇಳಲ್ಲ ಅಂದ್ರು ಅವ್ರು.”

“ಹಾಳೆಗಳು ಎಲ್ಲಿವೆ?”

“ಬುಧವಾರ ಮುಗೀಲಿ. ಆಮೇಲೆ ಹೇಳ್ತೀನಿ.”

ಲತಾಶ್ರೀ ಕೈ ಚಾಚಿ ಫೋನ್ ಕಟ್ ಮಾಡಿದಳು. ಅದನ್ನು ಮಾರ್ಜೊರಿಯ ಕಡೆಗೆ ತಳ್ಳಿದಳು.

“ಈಗ ಪೊಲೀಸರಿಗೆ ಮಾಡಿ,” ಎಂದಳು. “ಇಲ್ಲದಿದ್ದರೆ ನಾನೇ ಮಾಡುತ್ತೇನೆ.”